ಫ್ರೆಂಚ್ ಪುಸ್ತಕವನ್ನು ಕನ್ನಡದಲ್ಲಿ ಓದಿದರೆ ತಪ್ಪಾ?

ಪ್ರಶ್ನೆ: ನಮಸ್ತೆ ಮೇಡಂ. ನಾವು ದಾವಣಗೆರೆ ಕಡೆಯವರು. ನಮ್ಮ ಯಜಮಾನರ ಕೆಲಸಕ್ಕಾಗಿ ಒಂದೂವರೆ ವರ್ಷದ ಹಿಂದೆ ಫ್ರಾನ್ಸಿನ ಟುಲೂಸ್‌ಗೆ ಬಂದೆವು. ಮಗನಿಗೆ ಈಗ ಮೂರು ವರ್ಷ ನಾಲ್ಕು ತಿಂಗಳು. ಮನೆಯಲ್ಲಿ ಬರೀ ಕನ್ನಡ. ಸೆಪ್ಟೆಂಬರ್‌ನಲ್ಲಿ ಇಲ್ಲಿನ ಸರ್ಕಾರಿ ಶಾಲೆಗೆ ಹಾಕಿದೆವು. ಮನೆಯಲ್ಲಿ ಬಾಯಿ ಮುಚ್ಚದ ಹುಡುಗ ಶಾಲೆಯಲ್ಲಿ ಇವತ್ತಿನವರೆಗೂ ಒಂದು ಮಾತೂ ಆಡಿಲ್ಲವಂತೆ. ಟೀಚರ್ ಕರೆದು, ಮನೆಯಲ್ಲೂ ಫ್ರೆಂಚ್ ಮಾತಾಡಿ, ಫ್ರೆಂಚ್ ಪುಸ್ತಕ ಓದಿ ಅಂದರು. ಗಾಬರಿಯಾಗಿ ಮೂವತ್ತು ಚಿತ್ರಪುಸ್ತಕ ಕೊಂಡು ತಂದೆ. ನನ್ನ ಫ್ರೆಂಚ್ ಅಷ್ಟಕ್ಕಷ್ಟೇ. ಓದಲು ಶುರು ಮಾಡಿದರೆ ಎರಡನೇ ಪುಟಕ್ಕೆ ಪುಸ್ತಕ ಮುಚ್ಚಿ "ಕನ್ನಡದಲ್ಲಿ ಹೇಳಮ್ಮ" ಅನ್ನುತ್ತಾನೆ. ಹೇಳಿದರೆ ಫ್ರೆಂಚ್ ಕಲಿಯುವುದಿಲ್ಲವೇನೋ ಅಂತ ಭಯ. ಎರಡು ಭಾಷೆಯ ಪುಸ್ತಕ ಒಳ್ಳೆಯದಾ, ಅದರಿಂದ ತಲೆ ಗೊಂದಲ ಆಗುತ್ತದಾ? ನನ್ನ ಉಚ್ಚಾರಣೆ ಕೇಳಿ ಅವನದ್ದೂ ಕೆಡುತ್ತದಾ? ನಮ್ಮ ಅತ್ತೆ ವಿಡಿಯೋ ಕಾಲ್‌ನಲ್ಲಿ "ಎರಡು ಭಾಷೆ ಮಾಡಿ ಮಗೂನ ಮೂಕ ಮಾಡ್ತಿದೀರ" ಅಂತ ದಿನಾ ಹೇಳುತ್ತಾರೆ.

ಉತ್ತರ: ಮೊದಲು ಒಂದು ಲೆಕ್ಕ ಹಾಕೋಣ. ಸೆಪ್ಟೆಂಬರ್ ಮೊದಲ ವಾರ ಶಾಲೆ ಶುರು. ಈಗ ನವೆಂಬರ್ ಮಧ್ಯ. ನಡುವೆ ಎರಡು ವಾರ ತೂಸ್ಸಾಂ ರಜೆ. ಅಂದರೆ ನಿಮ್ಮ ಮಗ ಶಾಲೆ ನೋಡಿರುವುದು ಎಂಟು ಒಂಬತ್ತು ವಾರ, ಅದರಲ್ಲೂ ಫ್ರಾನ್ಸಿನ ಬಹಳ ಊರುಗಳಲ್ಲಿ ಬುಧವಾರ ಪಾಠ ಇರುವುದಿಲ್ಲ, ಇದ್ದರೂ ಬೆಳಿಗ್ಗೆ ಮಾತ್ರ. ಮೂರು ವರ್ಷದ ಕೂಸು, ಒಂದು ಪದವೂ ಗೊತ್ತಿಲ್ಲದ ಭಾಷೆ, ಇಪ್ಪತ್ತಕ್ಕೂ ಹೆಚ್ಚು ಮಕ್ಕಳ ಗದ್ದಲ. ಇಷ್ಟು ದಿನಕ್ಕೆ ಬಾಯಿ ಬಿಟ್ಟಿಲ್ಲ ಅಂದರೆ ನನಗೆ ಆಶ್ಚರ್ಯವೇನೂ ಇಲ್ಲ. ಹೊಸ ಭಾಷೆಗೆ ಬಿದ್ದ ಮಕ್ಕಳಲ್ಲಿ ಅನೇಕರು ಮೊದಲು ಕೆಲವು ತಿಂಗಳು ಸುಮ್ಮನಿರುತ್ತಾರೆ. ನಾವು ಇದನ್ನು ಮೌನದ ಕಾಲ ಅನ್ನುತ್ತೇವೆ. ಆ ಮೌನದಲ್ಲಿ ಕಿವಿ ಕೆಲಸ ಮಾಡುತ್ತಿರುತ್ತದೆ.

ನಾನು ಮೈಸೂರಿನಲ್ಲಿ ವಾಕ್ ಮತ್ತು ಶ್ರವಣ ಓದಿದವಳು. ಹೊರದೇಶದಲ್ಲಿ ಬೆಳೆಯುವ ಕನ್ನಡದ ಮಕ್ಕಳ ಮಾತಿನ ಬಗ್ಗೆ ಹದಿನೈದು ವರ್ಷದಿಂದ ಕೆಲಸ ಮಾಡುತ್ತಿದ್ದೇನೆ, ಅದರಲ್ಲಿ ಏಳು ವರ್ಷ ಫ್ರಾನ್ಸಿನ ಲಿಯೋನ್‌ನಲ್ಲಿದ್ದೆ. ನಿಮ್ಮ ಪತ್ರದಲ್ಲಿ ನನಗೆ ಮುಖ್ಯವಾಗಿ ಕಂಡಿದ್ದು ಎರಡು ಮಾತು. "ಮನೆಯಲ್ಲಿ ಬಾಯಿ ಮುಚ್ಚದ ಹುಡುಗ" ಮತ್ತು "ಕನ್ನಡದಲ್ಲಿ ಹೇಳಮ್ಮ". ಮಗುವಿಗೆ ಭಾಷೆ ಇದೆ. ಕಥೆ ಬೇಕು ಅನ್ನುವ ಆಸೆಯೂ ಇದೆ. ಇವೆರಡೂ ಇದ್ದರೆ ಫ್ರೆಂಚ್ ಬರುತ್ತದೆ, ಇಂದಲ್ಲ ನಾಳೆ.

ನಿಮ್ಮ ಅತ್ತೆಯವರ ಮಾತಿಗೆ ಬರೋಣ. ಅವರನ್ನು ದೂರಬೇಡಿ, ನೂರು ವರ್ಷದ ಹಿಂದೆ ದೊಡ್ಡ ದೊಡ್ಡ ಪಂಡಿತರೇ ಹಾಗೆ ಬರೆದಿದ್ದರು, ಎರಡು ಭಾಷೆ ಕಲಿತರೆ ಬುದ್ಧಿ ಮಂಕಾಗುತ್ತದೆ ಅಂತ. 1962ರಲ್ಲಿ ಕೆನಡಾದ ಮಾಂಟ್ರಿಯಲ್‌ನಲ್ಲಿ ಪೀಲ್ ಮತ್ತು ಲ್ಯಾಂಬರ್ಟ್ ಎಂಬ ಇಬ್ಬರು ಫ್ರೆಂಚ್-ಇಂಗ್ಲಿಷ್ ಎರಡೂ ಬಲ್ಲ ಮಕ್ಕಳನ್ನು ಒಂದೇ ಭಾಷೆಯ ಮಕ್ಕಳ ಜೊತೆ ಹೋಲಿಸಿ ನೋಡಿದರು. ಎರಡು ಭಾಷೆಯವರು ಹಿಂದೆ ಬಿದ್ದಿರಲಿಲ್ಲ, ಹಲವು ಪರೀಕ್ಷೆಗಳಲ್ಲಿ ಮುಂದೆಯೇ ಇದ್ದರು. ಆಮೇಲೆ ಆದ ಕೆಲಸವೆಲ್ಲ ಒಂದು ವಿಷಯವನ್ನಂತೂ ಗಟ್ಟಿಮಾಡಿದೆ: ಎರಡು ಭಾಷೆ ಮಾತಿನ ತೊಂದರೆಯನ್ನು ಹುಟ್ಟಿಸುವುದಿಲ್ಲ. ತೊಂದರೆ ಇರುವ ಮಗುವಿಗೆ ಅದು ಎರಡೂ ಭಾಷೆಯಲ್ಲಿ ಕಾಣುತ್ತದೆ. ಅಷ್ಟಕ್ಕೂ ದಾವಣಗೆರೆಯಲ್ಲಿ ಅಂಗಡಿಗೊಂದು, ಮನೆಗೊಂದು, ಪಕ್ಕದ ಮನೆಗೊಂದು ಭಾಷೆ ಆಡುತ್ತ ಬೆಳೆದ ಎಷ್ಟು ಮಕ್ಕಳಿಲ್ಲ? ಅವರಲ್ಲಿ ಯಾರು ಮೂಕರಾದರು ಅಂತ ಮೆತ್ತಗೆ ಕೇಳಿ ನೋಡಿ.

ಇನ್ನು ಟೀಚರ್ ಹೇಳಿದ್ದು. ಅವರ ಕಾಳಜಿ ನಿಜ, ಸಲಹೆ ಹಳೇದು. ಫ್ರಾನ್ಸಿನಲ್ಲೇ 1913ರಲ್ಲಿ ಜ್ಯೂಲ್ ರೋಂಜಾ ಎಂಬ ಭಾಷಾಶಾಸ್ತ್ರಜ್ಞ ತನ್ನ ಮಗ ಲೂಯಿಯ ಬಗ್ಗೆ ಪುಸ್ತಕ ಬರೆದ. ಅಪ್ಪ ಫ್ರೆಂಚ್, ಅಮ್ಮ ಜರ್ಮನ್. ಇಬ್ಬರೂ ತಮ್ಮ ತಮ್ಮ ಭಾಷೆ ಬಿಡಲಿಲ್ಲ, ಮಗು ಎರಡನ್ನೂ ಚೆನ್ನಾಗಿ ಕಲಿಯಿತು. ಒಬ್ಬರಿಗೆ ಒಂದು ಭಾಷೆ ಅನ್ನುವ ನಿಯಮ ಅಲ್ಲಿಂದಲೇ ಹೆಸರಾಯಿತು. ನಿಮಗೆ ಆ ನಿಯಮವೂ ಬೇಕಿಲ್ಲ, ಯಾಕೆಂದರೆ ನೀವಿಬ್ಬರೂ ಕನ್ನಡದವರೇ. ಮನೆ ಕನ್ನಡ, ಹೊರಗೆ ಫ್ರೆಂಚ್. ಇಷ್ಟು ಸರಳವಾಗಿ ಹಂಚಿಹೋಗಿರುವ ಮನೆ ಸಿಗುವುದೇ ಅಪರೂಪ, ಕೆಡಿಸಿಕೊಳ್ಳಬೇಡಿ.

ಕೆಡಿಸಿಕೊಂಡರೆ ಏನಾಗುತ್ತದೆ ಹೇಳುತ್ತೇನೆ. ಅಷ್ಟಕ್ಕಷ್ಟೇ ಫ್ರೆಂಚ್ ಇರುವ ಅಮ್ಮ ಮನೆಯಲ್ಲಿ ಫ್ರೆಂಚ್ ಮಾತ್ರ ಆಡುತ್ತೇನೆ ಅಂತ ಹೊರಟರೆ ಮಾತು ಕಡಿಮೆಯಾಗುತ್ತದೆ. ಬಾ, ತಿನ್ನು, ಬೇಡ, ಬೇಗ, ಇಷ್ಟಕ್ಕೆ ನಿಲ್ಲುತ್ತದೆ. "ಅಯ್ಯೋ ಯಾಕೋ ಮುಖ ಸಣ್ಣ ಮಾಡ್ಕೊಂಡಿದೀಯ, ಯಾರಾದ್ರೂ ಏನಾದ್ರೂ ಅಂದ್ರಾ" ಅಂತ ಕೇಳುವುದು ಯಾವ ಭಾಷೆಯಲ್ಲಿ? ಮೂರು ವರ್ಷದ ಮಗು ಯೋಚನೆ ಮಾಡುವುದನ್ನು ಕಲಿಯುವುದೇ ಇಂಥ ಉದ್ದುದ್ದ ಮಾತಿನಲ್ಲಿ. ಒಂದು ಮನೆಯಲ್ಲಿ ನೋಡಿದ್ದೆ, ಎರಡು ವರ್ಷ ಹೀಗೆ ಮಾಡಿದರು. ಹುಡುಗಿಗೆ ಫ್ರೆಂಚ್ ಬಂತು, ಅದು ಶಾಲೆಯಿಂದ ಹೇಗೂ ಬರುತ್ತಿತ್ತು. ಅಜ್ಜನ ಜೊತೆ ಮಾತು ಮಾತ್ರ ನಿಂತೇ ಹೋಯಿತು.

ಉಚ್ಚಾರಣೆ ಬಗ್ಗೆ ಜಾಸ್ತಿ ತಲೆ ಕೆಡಿಸಿಕೊಳ್ಳಬೇಡಿ. ಮಕ್ಕಳು ಉಚ್ಚಾರಣೆ ಎತ್ತಿಕೊಳ್ಳುವುದು ಜೊತೆಗಾರರಿಂದ. ಇನ್ನೊಂದು ವರ್ಷಕ್ಕೆ ಅವನೇ ನಿಮ್ಮನ್ನು ತಿದ್ದುತ್ತಾನೆ, ತಯಾರಾಗಿರಿ. ಆದರೂ ನಿಮ್ಮ ಅಳುಕಿನಲ್ಲಿ ಒಂದು ಚೂರು ನಿಜ ಇದೆ. ಫ್ರೆಂಚಿನಲ್ಲಿ ತುಟಿ ಮುಂದೆ ಚಾಚಿ ಇ ಅನ್ನುವಂಥ ಒಂದು ಸ್ವರ ಇದೆ, ಅದು ನಮಗಿಲ್ಲ. ದೆಸ್ಯು ಅಂದರೆ ಮೇಲೆ, ದೆಸೂ ಅಂದರೆ ಕೆಳಗೆ. ಪುಟ್ಟ ಮಕ್ಕಳ ಪುಸ್ತಕದ ತುಂಬ ಇವೇ, ಬೆಕ್ಕು ಮೇಜಿನ ಮೇಲೆ, ಬೆಕ್ಕು ಮೇಜಿನ ಕೆಳಗೆ. ನಮ್ಮ ಬಾಯಲ್ಲಿ ಎರಡೂ ಒಂದೇ ಆಗಿ, ಬೆಕ್ಕು ಎಲ್ಲಿದೆ ಅನ್ನುವುದೇ ತಿಳಿಯುವುದಿಲ್ಲ! ನಾನು ಲಿಯೋನ್‌ನಲ್ಲಿ ವರ್ಷಗಟ್ಟಲೆ ಇದನ್ನೇ ತಪ್ಪು ಹೇಳುತ್ತಿದ್ದೆ. ಆದ್ದರಿಂದ ಪುಸ್ತಕದ ಫ್ರೆಂಚ್ ಭಾಗ ಆದಷ್ಟು ಫ್ರೆಂಚರ ಬಾಯಿಂದ ಬರಲಿ. ನೀವು ಓದಲೇಬಾರದು ಅಂತಲ್ಲ. ಪೂರ್ತಿ ಭಾರ ಹೊರಬೇಡಿ ಅಷ್ಟೇ.

ಈಗ ಅವನು ಎರಡನೇ ಪುಟಕ್ಕೇ ಪುಸ್ತಕ ಮುಚ್ಚುವುದು ಯಾಕೆ ಅನ್ನುವುದನ್ನು ನೋಡಿ, ಅದರಲ್ಲಿ ಅವನ ತಪ್ಪಿಲ್ಲ, ನಿಮ್ಮದೂ ಇಲ್ಲ. ಫ್ರೆಂಚ್ ಕಥೆಪುಸ್ತಕಗಳಲ್ಲಿ ಒಂದು ವಿಚಿತ್ರ ಇದೆ. ಮಾತಿನಲ್ಲಿ "ತಿಂದ" ಅನ್ನುವುದಕ್ಕೆ ಎಲ್ಲರೂ "ಇಲ್ ಅ ಮಾಂಜೆ" ಅನ್ನುತ್ತಾರೆ. ಎಷ್ಟೋ ಪುಸ್ತಕಗಳಲ್ಲಿ "ಇಲ್ ಮಾಂಜಾ" ಅಂತಿರುತ್ತದೆ. ಇದು ಪಾಸೆ ಸೆಂಪ್ಲ್ ಎಂಬ ಭೂತಕಾಲ, ಬರಹದಲ್ಲಿ ಮಾತ್ರ ಬದುಕಿದೆ. ಬೀದಿಯಲ್ಲಿ ಯಾರೂ ಆಡುವುದಿಲ್ಲ, ನಿಮ್ಮ ಫ್ರೆಂಚ್ ಕ್ಲಾಸಿನಲ್ಲೂ ಇನ್ನೂ ಕಲಿಸಿರಲಿಕ್ಕಿಲ್ಲ. ಶಾಲೆಯಲ್ಲಿ ಅವನ ಕಿವಿಗೆ ಬಿದ್ದ ನಾಲ್ಕು ಮಾತೂ ಪುಸ್ತಕದಲ್ಲಿ ವೇಷ ಹಾಕಿಕೊಂಡು ಕೂತಿವೆ. ನಮ್ಮಲ್ಲೂ ಹಾಗೇ ಅಲ್ವಾ? "ನರಿಯು ಕಾಡಿಗೆ ಹೋಯಿತು, ಮತ್ತು ಹೇಳಿತು" ಅಂತ ಓದಿದರೆ ಮಗು ನಿಮ್ಮ ಮುಖ ನೋಡುತ್ತದೆ, ಅಮ್ಮನಿಗೆ ಏನಾಯಿತು ಅಂತ.

ಇನ್ನೊಂದು, ಲಿಂಗ. ಕನ್ನಡದಲ್ಲಿ ಮೇಜು ಅದು, ಇಲಿ ಅದು. ಫ್ರೆಂಚಿನಲ್ಲಿ ಮೇಜು ಹೆಣ್ಣು, ಪೆನ್ಸಿಲ್ಲು ಗಂಡು, ಇಲಿ ಗಂಡಾದರೂ ಹೆಣ್ಣೇ. ಎಲ್ಲಕ್ಕಿಂತ ತಮಾಷೆ ಅಂದರೆ ಚಂದ್ರ. ನಮ್ಮ ಚಂದಮಾಮ ಅಲ್ಲಿ ಲಾ ಲ್ಯೂನ್, ಅಪ್ಪಟ ಹೆಣ್ಣು. ನನ್ನ ಮಗಳು ಚಿಕ್ಕವಳಿದ್ದಾಗ "ಹಾಗಾದ್ರೆ ಚಂದ ಅತ್ತೆನಾ" ಅಂತ ಕೇಳಿದ್ದಳು. ಇದು ಗೊಂದಲ ಅಲ್ಲ, ಇಂಥ ಪ್ರಶ್ನೆ ಬಂದರೆ ಎರಡು ಭಾಷೆಯೂ ತಲೆಯಲ್ಲಿ ಬೇರೆ ಬೇರೆ ಜಾಗ ಹಿಡಿದಿವೆ ಅಂತ ಅರ್ಥ. ಮುಂದೆ ಅವನು "ಲ ಜ್ವಾಜೋ", "ಲ ನಾವಿಯೋಂ" ಅಂತ ಹಕ್ಕಿ, ವಿಮಾನಗಳಿಗೆ ಇಲ್ಲದ ಅಕ್ಷರ ಅಂಟಿಸಿದರೂ ಹೆದರಬೇಡಿ. ಫ್ರೆಂಚಿನಲ್ಲಿ ಹಿಂದಿನ ಪದದ ಕೊನೆ ಮುಂದಿನ ಪದಕ್ಕೆ ಅಂಟಿ ಬರುತ್ತದೆ, ಪದ ಎಲ್ಲಿ ಶುರು ಅಂತ ಕಿವಿಗೆ ತಿಳಿಯದು. ಅಲ್ಲೇ ಹುಟ್ಟಿದ ಫ್ರೆಂಚ್ ಮಕ್ಕಳೂ ಇದೇ ತಪ್ಪು ಮಾಡುತ್ತಾರೆ.

ಹಾಗಾದರೆ ಎರಡು ಭಾಷೆಯ ಪುಸ್ತಕ? ನಿಜ ಹೇಳಬೇಕೆಂದರೆ ನನಗೆ ಅದರ ಮೇಲೆ ಅಷ್ಟೊಂದು ಮೋಹ ಇಲ್ಲ. ಒಂದೇ ಪುಟದಲ್ಲಿ ಮೇಲೆ ಒಂದು ಭಾಷೆ ಕೆಳಗೆ ಇನ್ನೊಂದು ಇದ್ದರೆ ನಾವು ದೊಡ್ಡವರು ಮಾಡುವ ತಪ್ಪು ಒಂದೇ: ಒಂದು ಸಾಲು ಫ್ರೆಂಚ್, ಅದರ ಅರ್ಥ ಕನ್ನಡ, ಮತ್ತೆ ಒಂದು ಸಾಲು ಫ್ರೆಂಚ್. ನಾನೂ ನನ್ನ ಮಗಳಿಗೆ ಹೀಗೇ ಓದಿದೆ, ವೃತ್ತಿಯಲ್ಲಿ ಇದೇ ಕೆಲಸ ಮಾಡುವವಳು! ಅವಳು ಒಂದು ವಾರದಲ್ಲಿ ಫ್ರೆಂಚ್ ಸಾಲಿಗೆ ಕಿವಿ ಮುಚ್ಚಿಕೊಂಡು ಕನ್ನಡ ಸಾಲಿಗೆ ಕಾಯುವುದನ್ನು ಕಲಿತಳು. ಬುದ್ಧಿವಂತಿಕೆಯೇ ಅದು, ಹೇಗೂ ಅರ್ಥ ಬರುತ್ತದಲ್ಲ, ಯಾಕೆ ಕಷ್ಟಪಡಬೇಕು? ಕಥೆಯ ಓಟವೂ ಸತ್ತುಹೋಯಿತು. ಹಾಗಾಗಿ ಅಂಥ ಪುಸ್ತಕ ಸಿಕ್ಕರೆ ಒಂದು ದಿನ ಪೂರ್ತಿ ಒಂದು ಭಾಷೆ, ಇನ್ನೊಂದು ದಿನ ಇನ್ನೊಂದು.

ಅನುವಾದದ ಗುಣವನ್ನೂ ನೋಡಿ. ಚಿತ್ರಪುಸ್ತಕದಲ್ಲಿ ಪುಟ ತಿರುಗಿಸುವುದೇ ಅರ್ಧ ಕಥೆ. ಫ್ರೆಂಚಿನಲ್ಲಿ "ಮತ್ತೆ ಆ ಮನೆಯೊಳಗೆ ಇತ್ತು..." ಅಂತ ನಿಲ್ಲಿಸಿ, ಪುಟ ತಿರುಗಿಸಿದ ಮೇಲೆ "ಒಂದು ತೋಳ!" ಅನ್ನಬಹುದು. ಕನ್ನಡದಲ್ಲಿ ಕ್ರಿಯಾಪದ ಕೊನೆಗೆ. "ಮನೆಯೊಳಗೆ ಒಂದು ತೋಳವಿತ್ತು" ಅಂತ ನೇರ ಅನುವಾದ ಮಾಡಿಟ್ಟರೆ ಪುಟ ತಿರುಗುವ ಮುಂಚೆಯೇ ತೋಳ ಹೊರಬಿತ್ತು. ನಮ್ಮ ಅಜ್ಜಿಯರು ಹಾಗೆ ಹೇಳುತ್ತಿರಲಿಲ್ಲ. "ಒಳಗಡೆ ಇದ್ದಿದ್ದು ಯಾರು ಗೊತ್ತಾ?" ಅಂತ ಕೇಳಿ, ತಡೆದು, ಆಮೇಲೆ ಹೇಳುತ್ತಿದ್ದರು. ಈ ಜಾಣ್ಮೆ ಇರುವ ಅನುವಾದ ಸಿಕ್ಕರೆ ಬಿಡಬೇಡಿ. ಇಲ್ಲದಿದ್ದರೆ ಅಚ್ಚಾದ ಕನ್ನಡ ಸಾಲು ಬಿಟ್ಟು ನೀವೇ ಹೇಳಿ.

ಕೊಳ್ಳಲು ಏನು ಸಿಗುತ್ತದೆ ಅಂದರೆ, ಕನ್ನಡ-ಫ್ರೆಂಚ್ ಜೋಡಿ ಅಂಗಡಿಯಲ್ಲಿ ಸಿಗುವುದು ತೀರಾ ಕಷ್ಟ. ಚೆನ್ನೈನ ತೂಲಿಕಾ ಪ್ರಕಾಶನದಲ್ಲಿ ಕನ್ನಡ-ಇಂಗ್ಲಿಷ್ ಜೋಡಿ ಪುಸ್ತಕಗಳಿವೆ, ಚಿತ್ರಗಳು ಚೆನ್ನ, ಆದರೆ ನಿಮ್ಮ ಮನೆಗೆ ಮೂರನೇ ಭಾಷೆ ಈಗಲೇ ಬೇಕಿಲ್ಲ. ಇಂಗ್ಲಿಷ್ ಸಾಲನ್ನು ಸುಮ್ನೆ ಬಿಟ್ಟುಬಿಡಬಹುದು. ನಿಮಗೆ ಉಪಯೋಗ ಆಗುವುದು ಸ್ಟೋರಿವೀವರ್ ಅನ್ನುವ ಜಾಲತಾಣ. ಬೆಂಗಳೂರಿನ ಪ್ರಥಮ್ ಬುಕ್ಸ್ 2015ರಲ್ಲಿ ಶುರು ಮಾಡಿದ್ದು. ಕನ್ನಡವೂ ಇದೆ, ಫ್ರೆಂಚೂ ಇದೆ, ಓದುವುದಕ್ಕೆ, ಇಳಿಸಿಕೊಂಡು ಅಚ್ಚು ಹಾಕುವುದಕ್ಕೆ ದುಡ್ಡಿಲ್ಲ. ಒಂದೇ ಕಥೆಯ ಎರಡೂ ರೂಪ ಸಿಕ್ಕರೆ ಎರಡು ಬೇರೆ ಪುಸ್ತಕ ಮಾಡಿ ಹೊಲಿದುಬಿಡಿ, ಒಂದಕ್ಕೆ ಕೆಂಪು ರಟ್ಟು, ಇನ್ನೊಂದಕ್ಕೆ ನೀಲಿ. ಮಕ್ಕಳಿಗೆ ಈ ಕೆಂಪು-ನೀಲಿ ಆಟ ಬಹಳ ಇಷ್ಟ. ಒಂದು ಎಚ್ಚರಿಕೆ, ಅಲ್ಲಿ ಯಾರು ಬೇಕಾದರೂ ಅನುವಾದ ಮಾಡಬಹುದು, ಹಾಗಾಗಿ ಕೆಲವು ಚೆನ್ನ, ಕೆಲವು ಕಬ್ಬಿಣದ ಕಡಲೆ. ಮೊದಲು ನೀವು ಗಟ್ಟಿಯಾಗಿ ಓದಿ ನೋಡಿ.

ನಾನು ನಿಮಗೆ ಹೇಳುವ ದಾರಿ ಬೇರೆಯೇ. ಶಾಲೆಯಲ್ಲಿ ಮುಂದಿನ ವಾರ, ಮುಂದಿನ ತಿಂಗಳು ಯಾವ ಪುಸ್ತಕ ಓದುತ್ತಾರೆ ಅಂತ ಟೀಚರ್‌ನ ಕೇಳಿ. ಅದೇ ಪುಸ್ತಕ ತನ್ನಿ. ಶಾಲೆಯಲ್ಲಿ ಓದುವ ಮುಂಚೆ ಮನೆಯಲ್ಲಿ ಆ ಕಥೆಯನ್ನು ಪೂರ್ತಿ ಕನ್ನಡದಲ್ಲಿ ಹೇಳಿ. ಅಕ್ಷರ ನೋಡಬೇಡಿ, ಚಿತ್ರ ನೋಡಿ ಹೇಳಿ, ಐದಾರು ಸಲ. ಆಮೇಲೆ ಟೀಚರ್ ಅದನ್ನೇ ಫ್ರೆಂಚಿನಲ್ಲಿ ಓದುವಾಗ ಅವನಿಗೆ ಕಥೆ ಮೊದಲೇ ಗೊತ್ತು. ಮುಂದೇನು ಅಂತ ಹುಡುಕಬೇಕಿಲ್ಲ, ಶಬ್ದ ಮಾತ್ರ ಹಿಡಿದರೆ ಸಾಕು. ಬಾಯಿ ಬಿಡದ ಎಷ್ಟೋ ಮಕ್ಕಳು ಮೊದಲ ಫ್ರೆಂಚ್ ಶಬ್ದ ಆಡಿದ್ದು ಹೀಗೆ, ಮುಂದೆ ಬರುವ ಪ್ರಾಣಿಯ ಹೆಸರನ್ನು ಎಲ್ಲರಿಗಿಂತ ಮೊದಲು ಕೂಗಿ.

ನಿಮ್ಮ ಸಮಯವೂ ಚೆನ್ನಾಗಿದೆ. ಜನವರಿ 6ರ ಸುಮಾರಿಗೆ ಅಲ್ಲಿ ಗಲೆತ್ ಹಬ್ಬ (ಗಲೆತ್ ಅಂದರೆ ದುಂಡಗಿನ ಚಪ್ಪಟೆ ಕೇಕು), ಮಕ್ಕಳು ತಲೆಗೆ ಕಾಗದದ ಕಿರೀಟ ಹಾಕಿಕೊಂಡು ಮನೆಗೆ ಬರುತ್ತಾರೆ. ಆಗ ಫ್ರಾನ್ಸಿನ ಪುಟ್ಟ ಶಾಲೆಗಳಲ್ಲಿ "ರೂಲ್ ಗಲೆತ್" ಓದದ ಕ್ಲಾಸು ಕಡಿಮೆ. ಪೆರ್ ಕಾಸ್ತೋರ್ ಎಂಬ ಮಕ್ಕಳ ಪುಸ್ತಕಮಾಲೆಯ 1950ರ ಪುಸ್ತಕ, ಮಾಲೆ ಶುರುವಾಗಿದ್ದು 1931ರಲ್ಲಿ. ಮುದುಕಿ ಕಣಜ ಗುಡಿಸಿ ಸಿಕ್ಕ ಗೋಧಿಯಲ್ಲಿ ಗಲೆತ್ ಸುಡುತ್ತಾಳೆ, ಆರಲಿ ಅಂತ ಕಿಟಕಿಯಲ್ಲಿಟ್ಟರೆ ಅದು ಉರುಳಿಕೊಂಡು ಹೊರಡುತ್ತದೆ. ದಾರಿಯಲ್ಲಿ ಮೊಲ, ತೋಳ, ಕರಡಿ, ಕೊನೆಗೆ ನರಿ. ಸಿಕ್ಕವರಿಗೆಲ್ಲ ಒಂದೇ ಹಾಡು. ಹಾಡು ಮರಳಿ ಮರಳಿ ಬರುವುದರಿಂದ ಭಾಷೆ ಬಾರದ ಮಗುವೂ ಮೂರನೇ ಸಲಕ್ಕೆ ಗುನುಗುತ್ತದೆ.

ಈ ಕಥೆ ಕೇಳಿದರೆ ನಿಮಗೆ ಏನು ನೆನಪಾಗುತ್ತದೆ? ನನಗೆ ಕುಂಬಳಕಾಯಿ ಅಜ್ಜಿ. ಮಗಳ ಮನೆಗೆ ಹೊರಟ ಅಜ್ಜಿಗೆ ದಾರಿಯಲ್ಲಿ ಪ್ರಾಣಿಗಳು ಒಂದೊಂದಾಗಿ ಸಿಗುತ್ತವೆ, ತಿಂತೀನಿ ಅನ್ನುತ್ತವೆ, "ತಾಳಿ, ಉಂಡು ದಪ್ಪಗಾಗಿ ಬರ್ತೀನಿ" ಅಂತಾಳೆ, ವಾಪಸ್ ಬರುವಾಗ ಕುಂಬಳಕಾಯಿಯೊಳಗೆ ಕೂತು ಉರುಳಿಕೊಂಡು ಬರುತ್ತಾಳೆ. ಎರಡೂ ಉರುಳುವ ಕಥೆ, ಎರಡರಲ್ಲೂ ಪ್ರಾಣಿಗಳ ಸಾಲು. ಡಿಸೆಂಬರ್‌ನಲ್ಲಿ ಇವೆರಡನ್ನೂ ಜೋಡಿ ಮಾಡಿ ಕನ್ನಡದಲ್ಲಿ ಹೇಳಿ. ಅಜ್ಜಿ ಕಥೆಯನ್ನು ವಿಡಿಯೋ ಕಾಲ್‌ನಲ್ಲಿ ನಿಮ್ಮ ಅತ್ತೆಯವರೇ ಹೇಳಲಿ, ದಿನಾ ಬೈಯುವುದಕ್ಕೂ ಬಿಡುವಾಗುತ್ತದೆ. ನನ್ನನ್ನು ಕೇಳಿದರೆ ನಮ್ಮ ಅಜ್ಜಿಯೇ ಜಾಣೆ. ಗಲೆತ್ ಪಾಪ, ನರಿ ಕಿವಿ ಕೇಳಿಸಲ್ಲ ಅಂದಿದ್ದನ್ನು ನಂಬಿ ಹತ್ತಿರ ಹೋಗಿ ಹೊಟ್ಟೆಗೆ ಹೋಯಿತು.

ಫ್ರೆಂಚ್ ಶಬ್ದಕ್ಕೆ ಊರಿನ ಮೆದಿಯಾತೆಕ್, ಅಂದರೆ ಸಾರ್ವಜನಿಕ ಗ್ರಂಥಾಲಯ, ಹಿಡಿಯಿರಿ. ಟುಲೂಸ್‌ನಲ್ಲಿ ಮತಾಬಿಯೊ ರೈಲು ನಿಲ್ದಾಣದ ಹತ್ತಿರ ಜೋಸೆ ಕಬಾನಿಸ್ ಇದೆ, ದೊಡ್ಡದು. ಪುಸ್ತಕದ ಜೊತೆ ಸಿಡಿ ಇರುವ ಕಥೆ-ಹಾಡುಗಳನ್ನು ಕೇಳಿ. ದಿದಿಯೆ ಜೂನೆಸ್ ಪ್ರಕಾಶನದವರು ಬೇರೆ ಬೇರೆ ದೇಶದ ಶಿಶುಗೀತೆಗಳನ್ನು ಮೂಲ ಭಾಷೆ, ಫ್ರೆಂಚ್ ಎರಡರಲ್ಲೂ ಅಚ್ಚು ಹಾಕಿ ಸಿಡಿ ಕೊಡುತ್ತಾರೆ, ಆಫ್ರಿಕಾದ ಬಾವೋಬಾಬ್ ಜೋಗುಳಗಳದ್ದು ಒಂದಿದೆ, ನಮ್ಮ ಮನೆಯಲ್ಲಿ ಸವೆದುಹೋಗಿತ್ತು. ಕಥೆ ಹೇಳುವ ಗಂಟೆ ಇದ್ದರೆ ಕರೆದುಕೊಂಡು ಹೋಗಿ ಹಿಂದೆ ಕೂರಿ, ಮಾತಾಡು ಅಂತ ತಿವಿಯಬೇಡಿ. ಸಿಡಿಯ ತೊಂದರೆ ಒಂದೇ, ಹಾಕಿ ಅಡುಗೆಮನೆಗೆ ಹೋದರೆ ಅದು ಬರೀ ಸದ್ದು. ಪಕ್ಕ ಕೂತು ಪುಟ ತಿರುಗಿಸಿದರೆ ಮಾತ್ರ ಕಥೆ. ಅಕ್ಷರವೇ ಇಲ್ಲದ ಚಿತ್ರಪುಸ್ತಕಗಳೂ ಅಲ್ಲಿ ಬೇಕಾದಷ್ಟಿವೆ, ನಿಮ್ಮಂಥ ಮನೆಗೆ ಅವು ಚಿನ್ನ.

ಮೂವತ್ತು ಪುಸ್ತಕ ಅಂದಿರಲ್ಲ, ಖರ್ಚು ನೆನೆದು ನನಗೇ ಹೊಟ್ಟೆ ಚುರುಕ್ ಅಂತು. ಫ್ರಾನ್ಸಿನಲ್ಲಿ 1981ರ ಕಾನೂನಿನಿಂದ ಹೊಸ ಪುಸ್ತಕಕ್ಕೆ ಎಲ್ಲ ಕಡೆ ಒಂದೇ ಬೆಲೆ, ಶೇಕಡಾ 5ಕ್ಕಿಂತ ಹೆಚ್ಚು ಬಿಡುವ ಹಾಗಿಲ್ಲ. ಡಿಸ್ಕೌಂಟ್ ಹುಡುಕಿ ಸುಸ್ತಾಗಬೇಡಿ. ಭಾನುವಾರ ಬೀದಿಯಲ್ಲಿ ಹಳೇ ಸಾಮಾನು ಮಾರುವ ವೀದ್ ಗ್ರೆನಿಯೆಗಳಲ್ಲಿ ಅದೇ ಪುಸ್ತಕ ಒಂದೆರಡು ಯೂರೋಗೆ ಸಿಗುತ್ತದೆ.

ಟೀಚರ್ ಜೊತೆ ಮಾತಾಡುವಾಗ ಜಗಳ ಬೇಡ. "ಮನೆಯಲ್ಲಿ ಕನ್ನಡದಲ್ಲಿ ಚೆನ್ನಾಗಿ ಮಾತಾಡುತ್ತಾನೆ, ನಾವು ಕನ್ನಡದಲ್ಲೇ ಕಥೆ ಹೇಳಿ ತಯಾರು ಮಾಡುತ್ತೇವೆ, ಪುಸ್ತಕದ ಹೆಸರು ಕೊಡಿ" ಅನ್ನಿ. ಈ ಶಾಲೆಗಳ 2015ರ ಪಠ್ಯಕ್ರಮದಲ್ಲೇ ಬೇರೆ ಬೇರೆ ಭಾಷೆಗಳಿಗೆ ಮಕ್ಕಳ ಕಿವಿ ತೆರೆಸಬೇಕು ಅಂತಿತ್ತು, ನಾಲ್ಕು ವರ್ಷದ ಮಕ್ಕಳ ತರಗತಿಯಿಂದ. ಅದನ್ನು ನೆನಪಿಸಿ, ಮುಂದಿನ ವರ್ಷ ನೀವೇ ಹೋಗಿ ಒಂದು ಕಥೆಯನ್ನು ಕನ್ನಡದಲ್ಲಿ ಹೇಳುತ್ತೇನೆ ಅನ್ನಬಹುದು. ಪ್ಯಾರಿಸ್ ಪಕ್ಕದ ಮೋಂತ್ರೈಯಲ್ಲಿ ದ್ಯುಲಾಲಾ ಅನ್ನುವ ಸಂಸ್ಥೆ ಪೆಟ್ಟಿಗೆಯಿಂದ ಒಂದೊಂದೇ ಸಾಮಾನು ತೆಗೆಯುತ್ತ ಹಲವು ಭಾಷೆಯಲ್ಲಿ ಕಥೆ ಹೇಳುವ ಪದ್ಧತಿ ಕಲಿಸುತ್ತದೆ, ಟೀಚರ್‌ಗಳಲ್ಲಿ ಕೆಲವರಿಗೆ ಆ ಹೆಸರು ಗೊತ್ತಿರುತ್ತದೆ. ಅಕ್ಷರ ಯಾಕೆ ಕಲಿಸುತ್ತಿಲ್ಲ ಅಂತ ಮಾತ್ರ ಈಗ ಕೇಳಬೇಡಿ. ಅಲ್ಲಿ ಓದು ಕಲಿಸುವುದು ಆರನೇ ವಯಸ್ಸಿಗೆ, ನಮ್ಮ ಎಲ್‌ಕೆಜಿ ಲೆಕ್ಕ ನಡೆಯುವುದಿಲ್ಲ.

ಯಾವಾಗ ನಿಜವಾಗಿ ಚಿಂತೆ ಮಾಡಬೇಕು ಅಂದರೆ, ಕನ್ನಡದಲ್ಲೇ ಹಿಂದಿದ್ದಾಗ. ಅವನು ಕನ್ನಡದಲ್ಲಿ ಮೂರು ನಾಲ್ಕು ಪದದ ವಾಕ್ಯ ಆಡುತ್ತಾನಾ? ಮನೆಗೆ ಬಂದ ಕನ್ನಡದವರಿಗೆ ಅವನ ಮಾತು ಬಹುಮಟ್ಟಿಗೆ ಅರ್ಥ ಆಗುತ್ತದಾ? "ಚಪ್ಪಲಿ ತಗೊಂಡು ಅಪ್ಪಂಗೆ ಕೊಡು" ಅಂದರೆ ಮಾಡುತ್ತಾನಾ? ಹೆಸರು ಕರೆದರೆ ತಿರುಗುತ್ತಾನಾ? ಬೇರೆ ಮಕ್ಕಳ ಹತ್ತಿರ ಹೋಗುತ್ತಾನಾ, ಮಾತಿಲ್ಲದಿದ್ದರೂ? ಇವುಗಳಲ್ಲಿ ಯಾವುದಕ್ಕಾದರೂ ಇಲ್ಲ ಅಂದರೆ ಕಾಯಬೇಡಿ, ಮಕ್ಕಳ ಡಾಕ್ಟರ್ ಅಥವಾ ನಿಮ್ಮ ಬಡಾವಣೆಯ ಪಿಎಂಐ ಕೇಂದ್ರಕ್ಕೆ (ತಾಯಿ-ಮಗುವಿನ ಸರ್ಕಾರಿ ಆರೋಗ್ಯ ಕೇಂದ್ರ) ಹೋಗಿ ಮೊದಲು ಕಿವಿ ಪರೀಕ್ಷೆ ಮಾಡಿಸಿ. ಪದೇ ಪದೇ ನೆಗಡಿ, ಕಿವಿ ನೋವು ಬರುವ ಮಕ್ಕಳಲ್ಲಿ ಕಿವಿಯೊಳಗೆ ನೀರು ನಿಂತು ಕೇಳುವುದು ಮಂದವಾಗಿರುತ್ತದೆ, ಅದನ್ನು ಎಲ್ಲರೂ ಭಾಷೆಯ ತಲೆಗೆ ಕಟ್ಟುತ್ತಾರೆ. ಮಾತಿನ ತಜ್ಞರ ಹತ್ತಿರ ಹೋಗಬೇಕಾಗಿ ಬಂದರೆ ಸರತಿ ತಿಂಗಳುಗಟ್ಟಲೆ ಇರುತ್ತದೆ, ಹೆಸರು ಬೇಗ ಬರೆಸಿ, ಅವನ ಕನ್ನಡವನ್ನೂ ಲೆಕ್ಕಕ್ಕೆ ತೆಗೆದುಕೊಳ್ಳಿ ಅಂತ ಒತ್ತಿ ಹೇಳಿ. ಮನೆಯಲ್ಲಿ ಅವನು ಮಾತಾಡುವ ಐದು ನಿಮಿಷದ ವಿಡಿಯೋ ಜೊತೆಗಿರಲಿ. ಮನೆಯಲ್ಲಿ ಎಲ್ಲ ಸರಿಯಿದ್ದೂ, ಈ ವರ್ಷ ಮುಗಿಯುವ ಹೊತ್ತಿಗೂ ಶಾಲೆಯಲ್ಲಿ ಸ್ನೇಹಿತರ ಜೊತೆಗೂ ಪಿಸುಮಾತೂ ಇಲ್ಲ ಅಂದರೆ ಅದು ಬೇರೆ ವಿಷಯ, ಆಗ ಮತ್ತೆ ಬರೆಯಿರಿ.

ಇವತ್ತು ರಾತ್ರಿಗೆ ಒಂದು ಕೆಲಸ. ಆ ಮೂವತ್ತರಲ್ಲಿ ನಾಲ್ಕನ್ನು ಅವನೇ ಆರಿಸಲಿ, ಉಳಿದವನ್ನು ಬೀರುವಿನ ಮೇಲಿಡಿ. ಆರಿಸಿದ್ದನ್ನು ಕನ್ನಡದಲ್ಲೇ ಹೇಳಿ. ಮಧ್ಯೆ ಅವನಾಗಿಯೇ ಚಿತ್ರಕ್ಕೆ ಬೆರಳಿಟ್ಟು "ಲೂ" ಅಂದರೆ, ಹೌದು ತೋಳ, ಅಂತ ಹೇಳಿ ಪುಟ ತಿರುಗಿಸಿ. ಚಪ್ಪಾಳೆ ತಟ್ಟಿ ಇನ್ನೊಂದು ಸಲ ಹೇಳು ಅನ್ನಬೇಡಿ.